ಬಾಗಿಲು ಎಲ್ಲಿಗೆ ಹೋಗಿ ನಿಲ್ಲಬೇಕು?

ನಮ್ಮ ಕಡೆ ಮನೆ ಕಟ್ಟುವಾಗ ದಾರಂದ, ಅಂದರೆ ಬಾಗಿಲಿನ ಚೌಕಟ್ಟು, ಇಡುವುದಕ್ಕೆ ಮುಹೂರ್ತ ನೋಡುತ್ತಾರೆ. ಮರ ಯಾವುದು, ಹಲಸೋ ಹೆಬ್ಬಲಸೋ ತೇಗವೋ ಅಂತ ತಿಂಗಳುಗಟ್ಟಲೆ ಮಾತುಕತೆ ನಡೆಯುತ್ತದೆ. ಎದುರು ಬಾಗಿಲಿನ ಕೆತ್ತನೆ, ಪಾಲಿಶ್, ಹಿತ್ತಾಳೆ ಹಿಡಿ ಎಲ್ಲದಕ್ಕೂ ಮನೆಯವರೇ ಅಂಗಡಿಗೆ ಹೋಗಿ ಆರಿಸುತ್ತಾರೆ. ಆದರೆ ಆ ಬಾಗಿಲು ತೆರೆದಾಗ ಎಲ್ಲಿಗೆ ಹೋಗಿ ನಿಲ್ಲಬೇಕು ಅನ್ನುವ ಮಾತು ಮನೆ ಒಕ್ಕಲಿನ (ಗೃಹಪ್ರವೇಶದ) ಹಿಂದಿನ ದಿನದವರೆಗೂ ಬರುವುದಿಲ್ಲ. ಕೊನೆಗೆ ಯಾರೋ ಒಂದು ಡಜನ್ ಸ್ಟಾಪರ್ ತಂದು ಕೊಡುತ್ತಾರೆ. ಕೆಲಸದವರು ಕೈಗೆ ಸುಲಭವಾದ ಜಾಗದಲ್ಲಿ ಕೂರಿಸಿ ಹೋಗುತ್ತಾರೆ.

ಇದು ಸಣ್ಣ ವಿಷಯ ಅಂತ ನನಗೆ ಅನ್ನಿಸುವುದಿಲ್ಲ. ನಾನು ಕುಂದಾಪುರದ ಹತ್ತಿರದ ಹೈಸ್ಕೂಲಿನಲ್ಲಿ ವಿಜ್ಞಾನ ಪಾಠ ಮಾಡುವವಳು. ಮನೆಯಲ್ಲಿ ಡ್ರಿಲ್ ಮಷಿನ್ ಹಿಡಿಯುವವಳೂ ನಾನೇ. ಕಡಲಿನ ಗಾಳಿ ನೇರವಾಗಿ ಹೊಡೆಯುವ ಮನೆ ನಮ್ಮದು. ಮನೆಯಲ್ಲಿ ಎಂಬತ್ತು ದಾಟಿದ ಅತ್ತೆ ಇದ್ದಾರೆ, ವಾಕರ್ ಹಿಡಿದು ಓಡಾಡುತ್ತಾರೆ. ಈ ಎರಡು ಕಾರಣಕ್ಕೆ ನಮ್ಮ ಮನೆಯ ಒಂದೊಂದು ಬಾಗಿಲನ್ನೂ ನಿಂತು ನೋಡಿ, ಅಳೆದು, ಎಲ್ಲಿ ತಡೆಯಬೇಕು ಅಂತ ತೀರ್ಮಾನ ಮಾಡಬೇಕಾಯಿತು. ಅದರಲ್ಲಿ ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಕರಾವಳಿಯಲ್ಲಿ ಮನೆ ಕಟ್ಟುತ್ತಿರುವವರಿಗೆ ಜಾಸ್ತಿ ಉಪಯೋಗ ಆಗಬಹುದು.

ಹಳೆಯ ಮನೆಗಳಲ್ಲಿ ಈ ತಲೆಬಿಸಿಯೇ ಇರಲಿಲ್ಲ. ನನ್ನ ಅಜ್ಜಿ ಮನೆಯ ಮಣ್ಣಿನ ಗೋಡೆ ಎಷ್ಟು ದಪ್ಪ ಇತ್ತೆಂದರೆ, ಎರಡು ಪಡಿಯ ಬಾಗಿಲು ತೆರೆದರೆ ಎರಡೂ ಪಡಿ ಗೋಡೆಯ ದಪ್ಪದೊಳಗೇ ಮಡಚಿ ಕೂರುತ್ತಿತ್ತು. ಗೋಡೆಯೇ ತಡೆ. ಪಡಿ ಪೂರ್ತಿ ಅಗಲಕ್ಕೆ ಗೋಡೆಗೆ ಒರಗುತ್ತಿದ್ದರಿಂದ ಯಾವ ಒಂದು ಜಾಗಕ್ಕೂ ಏಟು ಬೀಳುತ್ತಿರಲಿಲ್ಲ. ಪಡಿಗಳೂ ಗಿಡ್ಡ, ಕಿರಿದು. ಈಗಿನ ಗೋಡೆ ಒಂಬತ್ತು ಇಂಚು, ಒಳಗಿನದ್ದಾದರೆ ಇನ್ನೂ ತೆಳು. ಬಾಗಿಲು ಒಂದೇ ಪಡಿ, ಮೂರು ಅಡಿ ಅಗಲ, ಏಳು ಅಡಿ ಎತ್ತರ. ತೆರೆದರೆ ಕೋಣೆಯೊಳಗೆ ಅರ್ಧ ವೃತ್ತ ಬರೆದುಕೊಂಡು ಹೋಗುತ್ತದೆ. ಅದರ ದಾರಿಯಲ್ಲಿ ಸ್ವಿಚ್ ಬೋರ್ಡ್ ಇರಬಹುದು, ವಾಶ್ ಬೇಸಿನ್ ಇರಬಹುದು, ಮಗು ಇರಬಹುದು.

ನಮ್ಮ ಉಪ್ಪರಿಗೆಯ ಪಡುಬಾಗಿಲಿನಿಂದ ಶುರು ಮಾಡುತ್ತೇನೆ. ಅದು ಹೆಬ್ಬಲಸಿನ ಬಾಗಿಲು. 35 ಮಿಲಿಮೀಟರ್ ದಪ್ಪ, ತೂಕ ಹತ್ತಿರ ಹತ್ತಿರ 40 ಕೆ.ಜಿ. ಒಳಗಡೆಗೆ ತೆರೆಯುತ್ತದೆ. ಪಕ್ಕದಲ್ಲೇ ಗೋಡೆ. ಕಟ್ಟಿದವರು ಅದಕ್ಕೆ ಸ್ಟಾಪರ್ ಹಾಕಿದ್ದು ಸ್ಕರ್ಟಿಂಗ್ (ಗೋಡೆಯ ಬುಡದ ಪಟ್ಟಿ) ಮೇಲೆ, ಬಿಜಾಗ್ರಿಯಿಂದ (ಹಿಂಜ್) ಒಂದು ಗೇಣು ಕೂಡ ದೂರ ಇಲ್ಲದ ಮೂಲೆಯಲ್ಲಿ. ನೋಡುವುದಕ್ಕೆ ಚೆಂದ. ಕಣ್ಣಿಗೆ ಬೀಳುವುದಿಲ್ಲ, ಗುಡಿಸುವಾಗ ಅಡ್ಡ ಬರುವುದಿಲ್ಲ. ಬೇಸಗೆಯಿಡೀ ಏನೂ ತೊಂದರೆ ಇರಲಿಲ್ಲ. ಜೂನ್ ತಿಂಗಳ ಒಂದು ಸಂಜೆ ಚಿಲಕ ತೆಗೆದದ್ದೇ ತಡ, ಗಾಳಿ ಬಾಗಿಲನ್ನು ಕೈಯಿಂದ ಕಿತ್ತುಕೊಂಡಿತು. ಸ್ಟಾಪರ್ ಜಗ್ಗಲಿಲ್ಲ, ಹಾಗೇ ನಿಂತಿತ್ತು. ಆದರೆ ಮೇಲಿನ ಬಿಜಾಗ್ರಿಯ ಸ್ಕ್ರೂಗಳು ದಾರಂದದಿಂದ ಮರದ ಚೂರು ಸಮೇತ ಹೊರಗೆ ಬಂದಿದ್ದವು. ಬಾಗಿಲು ಕೆಳಗಿನ ಎರಡು ಬಿಜಾಗ್ರಿಯ ಮೇಲೆ ವಾಲಿಕೊಂಡು ನಿಂತಿತ್ತು.

ಆಚಾರ್ರು ಬಂದು ನೋಡಿದರು. ನಮ್ಮ ಊರಿನ ಹಳೆಯ ಬಡಗಿ, ಮಾತು ಕಮ್ಮಿ. ಬಾಗಿಲಿನ ತುದಿಯನ್ನು ಬೆರಳಲ್ಲಿ ಹಿಡಿದು ಮೆಲ್ಲ ಗೋಡೆಯ ಕಡೆ ಒತ್ತಿದರು. ಬಿಜಾಗ್ರಿ ಇದ್ದ ಕಡೆಯ ಅಂಚು ದಾರಂದದಿಂದ ದೂರ ಸರಿಯುವುದು ಸ್ಪಷ್ಟವಾಗಿ ಕಾಣುತ್ತಿತ್ತು.

"ಕಂಡಿತಾ ಟೀಚರ್ರೆ? ಬಿಜಾಗ್ರಿಯದ್ದೂ ತಪ್ಪಿಲ್ಲ, ಮರದ್ದೂ ತಪ್ಪಿಲ್ಲ. ಸ್ಟಾಪರ್ ಕೂತ ಜಾಗ ಸರಿ ಇಲ್ಲ" ಅಂದರು.

ನಾನು ಸನ್ನೆಯ (ಲಿವರ್) ಪಾಠ ಮಾಡುವಾಗ ಮಕ್ಕಳಿಗೆ ಕ್ಲಾಸಿನ ಬಾಗಿಲನ್ನೇ ತೋರಿಸುವುದು. ಹಿಡಿಯ ಹತ್ತಿರ ಒಂದು ಬೆರಳು ಸಾಕು, ಬಿಜಾಗ್ರಿಯ ಹತ್ತಿರ ಎರಡು ಕೈ ಹಾಕಿದರೂ ಬಾಗಿಲು ಕದಲುವುದು ಕಷ್ಟ. ಅದೇ ಲೆಕ್ಕ ಇಲ್ಲಿ ತಿರುಗಿ ಬೀಳುತ್ತದೆ. 90 ಸೆಂಟಿಮೀಟರ್ ಅಗಲದ ಬಾಗಿಲಿನ ತುದಿಯನ್ನು ಯಾರೋ 10 ಕೆ.ಜಿ. ಭಾರದಷ್ಟು ಬಲದಲ್ಲಿ ಒತ್ತಿದರು ಅಂದುಕೊಳ್ಳಿ. ಸಣ್ಣ ಹುಡುಗನೂ ಅಷ್ಟು ಒತ್ತುತ್ತಾನೆ. ಸ್ಟಾಪರ್ ಬಿಜಾಗ್ರಿಯಿಂದ 15 ಸೆಂಟಿಮೀಟರ್ ದೂರದಲ್ಲಿದ್ದರೆ ಅದರ ಮೇಲೆ 60 ಕೆ.ಜಿ. ಬೀಳುತ್ತದೆ. ಆ 60ರಲ್ಲಿ 10 ನಾವು ಒತ್ತಿದ್ದು. ಉಳಿದ 50 ಎಲ್ಲಿಂದ ಬಂತು? ಬಿಜಾಗ್ರಿಯಿಂದ. ಅಂದರೆ ಸ್ಕ್ರೂಗಳನ್ನು ದಾರಂದದಿಂದ 50 ಕೆ.ಜಿ. ಬಲದಲ್ಲಿ ಹೊರಗೆ ಎಳೆಯುತ್ತಿದ್ದೇವೆ. ಅದೂ ನೇರವಾಗಿ, ಸ್ಕ್ರೂ ಒಳಗೆ ಹೋದ ದಾರಿಯಲ್ಲೇ. ಅದೇ ಸ್ಟಾಪರ್ 60 ಸೆಂಟಿಮೀಟರ್ ದೂರ ಇದ್ದರೆ ಅದರ ಮೇಲೆ 15 ಕೆ.ಜಿ., ಬಿಜಾಗ್ರಿಯ ಮೇಲೆ ಬರೀ 5. ಸ್ಟಾಪರ್ ಅದೇ, ಅದರ ಬೆಲೆಯೂ ಅದೇ. ಬದಲಾದದ್ದು ಜಾಗ ಮಾತ್ರ.

ಇದು ಮೆಲ್ಲ ಒತ್ತಿದಾಗಿನ ಮಾತು. ಗಾಳಿ ಎಳೆದು ಹೊಡೆದರೆ ಬೇರೆ. ಗಂಟೆಗೆ 36 ಕಿಲೋಮೀಟರ್ ವೇಗದ ಗಾಳಿ ನೇರ ಬಂದು ಬಡಿದರೆ ಒಂದು ಚದರ ಮೀಟರ್ ಮೇಲೆ 60 ನ್ಯೂಟನ್ ಒತ್ತಡ. ಮೂರು ಅಡಿಗೆ ಏಳು ಅಡಿ ಬಾಗಿಲು ಸುಮಾರು 1.9 ಚದರ ಮೀಟರ್. ಅಂದರೆ ಚಿಲಕ ತೆಗೆಯುವ ಹೊತ್ತಿಗೆ ಬಾಗಿಲಿನ ಬೆನ್ನ ಮೇಲೆ 11-12 ಕೆ.ಜಿ. ಭಾರ ಇರುತ್ತದೆ. ಗಾಳಿಯ ವೇಗ ಎರಡರಷ್ಟಾದರೆ ಒತ್ತಡ ನಾಲ್ಕರಷ್ಟಾಗುತ್ತದೆ. 72 ಕಿಲೋಮೀಟರ್ ವೇಗದ ಬೀಸಿಗೆ 46 ಕೆ.ಜಿ. ಹತ್ತಿರ. ಅಷ್ಟು ಬಲ ತಳ್ಳಿದ 40 ಕೆ.ಜಿ.ಯ ಬಾಗಿಲು ಕಾಲು ವೃತ್ತ ಸುತ್ತಿ ವೇಗ ಪಡೆದುಕೊಂಡು ಬಂದು ಒಂದೇ ಬಿಂದುವಿಗೆ ಹೊಡೆಯುತ್ತದೆ.

ಈ ಹೊಡೆತಕ್ಕೆ ಒಂದು ಚೆಂದದ ಉತ್ತರ ಉಂಟು. ಭೌತಶಾಸ್ತ್ರ ಓದಿದವರಿಗೆ ಗೊತ್ತಿರುತ್ತದೆ. ಒಂದು ತುದಿಯಲ್ಲಿ ತಿರುಗುವ, ಎಲ್ಲಾ ಕಡೆ ಒಂದೇ ತೂಕದ ಹಲಗೆಗೆ, ಆ ತುದಿಯಿಂದ ಮೂರನೇ ಎರಡು ಭಾಗ ದೂರದಲ್ಲಿ ಏಟು ಬಿದ್ದರೆ ತಿರುಗುವ ತುದಿಗೆ ಜಗ್ಗಾಟವೇ ತಟ್ಟುವುದಿಲ್ಲ. ಕ್ರಿಕೆಟ್ ಬ್ಯಾಟಿನ ಸರಿಯಾದ ಜಾಗಕ್ಕೆ ಚೆಂಡು ಬಿದ್ದಾಗ ಕೈ ಜುಮ್ಮೆನ್ನುವುದಿಲ್ಲ ಅಲ್ವಾ, ಹಾಗೆ. 90 ಸೆಂಟಿಮೀಟರ್ ಬಾಗಿಲಿಗೆ ಆ ಜಾಗ 60 ಸೆಂಟಿಮೀಟರಿಗೆ ಬರುತ್ತದೆ. ಅದಕ್ಕಿಂತ ಒಳಗೆ, ಬಿಜಾಗ್ರಿಯ ಕಡೆ ಸರಿದಷ್ಟೂ ಸ್ಕ್ರೂ ಹೊರಗೆ ಎಳೆಯುವ ಬಲ ಏರುತ್ತಾ ಹೋಗುತ್ತದೆ. ಹೊರಗೆ, ತುದಿಯ ಕಡೆ ಸರಿದರೆ ಸ್ವಲ್ಪ ಬಲ ತಟ್ಟುತ್ತದೆ, ಆದರೆ ಅದು ಎಳೆಯುವುದಿಲ್ಲ, ಒಳಗೆ ಒತ್ತುತ್ತದೆ. ಬಿಜಾಗ್ರಿ ಅದನ್ನು ತಾಳುತ್ತದೆ. ನಮ್ಮ ಬಾಗಿಲಿನಲ್ಲಿ ಇದ್ದ ಹಾಗೆ 15 ಸೆಂಟಿಮೀಟರಿನಲ್ಲಿ ಇಟ್ಟರೆ, ಸ್ಟಾಪರಿಗೆ ಬೀಳುವ ಏಟೇ 60ರಲ್ಲಿ ಇಟ್ಟದ್ದಕ್ಕಿಂತ ನಾಲ್ಕು ಪಟ್ಟು.

ಹಾಗಾಗಿ ನಾನು ಯಾರು ಕೇಳಿದರೂ ಹೇಳುವುದು ಇಷ್ಟೇ. ಬಾಗಿಲಿನ ಅಗಲವನ್ನು ಮೂರು ಪಾಲು ಮಾಡಿ. ಬಿಜಾಗ್ರಿಯಿಂದ ಎರಡು ಪಾಲು ಬಿಟ್ಟು ಸೀಮೆಸುಣ್ಣದಲ್ಲಿ ಗುರುತು ಹಾಕಿ. ಸ್ಟಾಪರ್ ಅಲ್ಲಿಗೆ ಬರಲಿ, ಇಲ್ಲವೇ ಅಲ್ಲಿಂದ ತುದಿಯ ಕಡೆಗೆ ಇರಲಿ. ಒಳಗೆ ಬೇಡ.

ಬಾಗಿಲನ್ನು ಮತ್ತೆ ಕೂರಿಸುವ ಕೆಲಸ ಆಚಾರ್ರದ್ದು. ಹರಿದು ಹೋದ ತೂತುಗಳಿಗೆ ಅವರು ಅದೇ ಜಾತಿಯ ಮರದ ಕಡ್ಡಿ ಕೆತ್ತಿ, ಫೆವಿಕಾಲ್ ಹಚ್ಚಿ, ಸುತ್ತಿಗೆಯಲ್ಲಿ ಬಡಿದು ತುಂಬಿದರು. ಒಂದು ರಾತ್ರಿ ಒಣಗಲು ಬಿಟ್ಟು, ಮೇಲಿದ್ದದ್ದನ್ನು ಉಳಿಯಲ್ಲಿ ಸಮ ಮಾಡಿ, ಹೊಸದಾಗಿ ಸಣ್ಣ ತೂತು ಕೊರೆದು ಎರಡು ಇಂಚಿನ ಸ್ಕ್ರೂ ಹಾಕಿದರು. ಮೊದಲು ಇದ್ದದ್ದು ಮುಕ್ಕಾಲು ಇಂಚಿನದ್ದು. ಅಷ್ಟು ತೂಕದ ಬಾಗಿಲಿಗೆ ಅದು ಏನಕ್ಕೂ ಸಾಲದು. ಬೆಂಕಿಕಡ್ಡಿ ತುರುಕಿ ಅದೇ ಸ್ಕ್ರೂ ಮತ್ತೆ ತಿರುಗಿಸುವವರನ್ನು ನೋಡಿದ್ದೇನೆ. ಕಪಾಟಿನ ಬಾಗಿಲಿಗಾದರೆ ಪರವಾಗಿಲ್ಲ. ಗಾಳಿಗೆ ಸಿಕ್ಕುವ ಬಾಗಿಲಿಗೆ ಅದು ಮುಂದಿನ ಮಳೆಗಾಲದವರೆಗೂ ಬರುವುದಿಲ್ಲ.

ಸ್ಟಾಪರ್ ಕೂರಿಸುವ ಕೆಲಸ ನನ್ನದು. ಇಲ್ಲಿ ಸಾಮಾನಿನ ವಿಷಯ ಸ್ವಲ್ಪ ಹೇಳಬೇಕು. ಅಂಗಡಿಯಲ್ಲಿ ಸಿಗುವುದರಲ್ಲಿ ಮುಖ್ಯವಾಗಿ ನಾಲ್ಕು ಬಗೆ. ನೆಲಕ್ಕೆ ಹಾಕುವ ಅರ್ಧ ಗೋಲದ ರಬ್ಬರ್ ಸ್ಟಾಪರ್, ಗೋಡೆಗೆ ಹಾಕುವ ಉದ್ದ ಕೊಳವೆಯಂಥದ್ದು, ಮ್ಯಾಗ್ನೆಟ್ ಇರುವುದು, ಬಾಗಿಲಿನ ಕಾಲಿಗೆ ಹಾಕಿ ಕಾಲಿನಿಂದಲೇ ಒತ್ತುವಂಥದ್ದು. ಇವೆಲ್ಲದರ ಕೆಲಸ ಒಂದೇ ಅಂತ ಅಂಗಡಿಯವರು ಹೇಳುತ್ತಾರೆ. ಒಂದೇ ಅಲ್ಲ. ಬಾಗಿಲು ಇದಕ್ಕಿಂತ ಮುಂದೆ ಹೋಗದ ಹಾಗೆ ತಡೆಯುವುದು ಒಂದು ಕೆಲಸ. ತೆರೆದ ಬಾಗಿಲು ತಾನಾಗಿ ಮುಚ್ಚಿಕೊಳ್ಳದ ಹಾಗೆ ಹಿಡಿದಿಡುವುದು ಇನ್ನೊಂದು. ಕಾಲಿನಿಂದ ಒತ್ತುವ ಸ್ಟಾಪರ್ ಹಿಡಿದಿಡುತ್ತದೆ, ಅದೂ ನೀವು ನೆನಪು ಮಾಡಿ ಒತ್ತಿದರೆ ಮಾತ್ರ. ಗಾಳಿ ಬಂದು ಬಾಗಿಲು ಗೋಡೆಗೆ ಹೊಡೆಯುವಾಗ ಅದರಿಂದ ಏನೂ ಪ್ರಯೋಜನ ಇಲ್ಲ. ಮ್ಯಾಗ್ನೆಟ್ ಎರಡನ್ನೂ ಮಾಡುತ್ತದೆ, ಆದರೆ ಜೋರು ಹೊಡೆತಕ್ಕೆ ಅದರ ಸಣ್ಣ ತಟ್ಟೆ ಸೊಟ್ಟಗಾಗುತ್ತದೆ. ಪಡುಬಾಗಿಲಿಗೆ ನಾನು ಎರಡನ್ನೂ ಬೇರೆ ಬೇರೆ ಮಾಡಿದೆ. ಹೊಡೆತ ತಿನ್ನುವುದಕ್ಕೆ ನೆಲದಲ್ಲಿ ದಪ್ಪ ರಬ್ಬರ್ ಸ್ಟಾಪರ್, 60 ಸೆಂಟಿಮೀಟರಿನಲ್ಲಿ. ಹಿಡಿದಿಡುವುದಕ್ಕೆ ಗೋಡೆಯಲ್ಲಿ, ಎದೆಯ ಎತ್ತರದಲ್ಲಿ, ಹಳೆಯ ಕಾಲದ ಉದ್ದ ಹಿತ್ತಾಳೆ ಕೊಕ್ಕೆ. ಕಿಟಕಿಗೆ ಹಾಕುತ್ತಿದ್ದರಲ್ಲ, ಅದೇ. ಅದು ಮೇಲೆ ಇರುವುದರಿಂದ ಇನ್ನೊಂದು ಲಾಭ ಉಂಟು. ನೆಲದ ಸ್ಟಾಪರ್ ಒಂದೇ ಇದ್ದರೆ ಬಾಗಿಲಿನ ಕೆಳಭಾಗ ನಿಲ್ಲುತ್ತದೆ, ಮೇಲ್ಭಾಗ ಇನ್ನೂ ಹೋಗಲು ನೋಡುತ್ತದೆ. ಆ ತಿರುಚು ಮೇಲಿನ ಬಿಜಾಗ್ರಿಯನ್ನು ದಣಿಸುತ್ತದೆ. ತೆರೆದಿಟ್ಟಾಗ ಕೊಕ್ಕೆ ಹಾಕಿದ್ದರೆ ಗಾಳಿ ಎಷ್ಟು ಅಲುಗಾಡಿಸಿದರೂ ಪಡಿ ಮೇಲಿನಿಂದ ಕೆಳಗಿನವರೆಗೆ ಒಟ್ಟಿಗೇ ನಿಂತಿರುತ್ತದೆ.

ಉಪ್ಪು ಗಾಳಿಯ ಊರಿನಲ್ಲಿ ಲೋಹ ಯಾವುದು ಅನ್ನುವುದು ದೊಡ್ಡ ಪ್ರಶ್ನೆ. ಕ್ರೋಮ್ ಹೊಳಪು ಕೊಟ್ಟ ಅಗ್ಗದ ಸ್ಟಾಪರುಗಳು ಒಳಗೆ ಸತುವಿನ ಮಿಶ್ರಲೋಹ. ಒಂದೆರಡು ಮಳೆಗಾಲದಲ್ಲಿ ಮೇಲಿನ ಪದರ ಹಪ್ಪಳೆ ಏಳುತ್ತದೆ. ಸ್ಟೇನ್‌ಲೆಸ್ ಸ್ಟೀಲ್ ಅಂದರೂ ಎಲ್ಲ ಒಂದೇ ಅಲ್ಲ. 202 ಅನ್ನುವ ಬಗೆಯಲ್ಲಿ ನಿಕ್ಕಲ್ ಶೇಕಡ 4ರಿಂದ 6. 304ರಲ್ಲಿ ಶೇಕಡ 8ರಷ್ಟು. 316ರಲ್ಲಿ ಮಾಲಿಬ್ಡಿನಮ್ ಕೂಡ ಸೇರಿಸಿರುತ್ತಾರೆ, ಉಪ್ಪಿನ ಗಾಳಿ ತಡೆಯುವುದು ಅದೇ ಚೆನ್ನಾಗಿ. ಅಂಗಡಿಯಲ್ಲಿ ಮ್ಯಾಗ್ನೆಟ್ ಹಿಡಿದು "ನೋಡಿ, ಅಂಟುವುದಿಲ್ಲ, ಇದು ಒಳ್ಳೆ ಸ್ಟೀಲ್" ಅಂತ ತೋರಿಸುತ್ತಾರೆ. ಆ ಪರೀಕ್ಷೆಯನ್ನು ನಂಬಬೇಡಿ. 202ಕ್ಕೂ ಮ್ಯಾಗ್ನೆಟ್ ಅಂಟುವುದಿಲ್ಲ, 304ಕ್ಕೂ ಅಂಟುವುದಿಲ್ಲ. ಪ್ಯಾಕೆಟ್ ಮೇಲೆ ನಂಬರ್ ಬರೆದಿದೆಯೇ ಅಂತ ನೋಡಿ. ಸ್ಟಾಪರ್ ಒಳ್ಳೆಯದಾಗಿದ್ದು ಅದರ ಜೊತೆ ಕೊಟ್ಟ ಸ್ಕ್ರೂ ಮಾತ್ರ ಕಬ್ಬಿಣದ್ದು ಇರುವುದೂ ಉಂಟು. ಅದನ್ನು ಪಕ್ಕಕ್ಕೆ ಇಟ್ಟು ಬೇರೆ ಸ್ಟೀಲ್ ಸ್ಕ್ರೂ ತಂದುಕೊಳ್ಳಿ. ಇಲ್ಲದಿದ್ದರೆ ತುಕ್ಕಿನ ನೀರು ಇಳಿದು ಟೈಲ್ಸ್ ಮೇಲೆ ಕಂದು ಕಲೆ ಕೂರುತ್ತದೆ. ಆ ಕಲೆ ಏನು ತಿಕ್ಕಿದರೂ ಹೋಗುವುದಿಲ್ಲ.

ತೂತು ಕೊರೆಯುವ ಬಗ್ಗೆ. ನೆಲದ ವಿಟ್ರಿಫೈಡ್ ಟೈಲ್ಸ್ ಬಹಳ ಗಟ್ಟಿ, ಆದರೆ ಪೆಟ್ಟು ತಾಳುವುದಿಲ್ಲ. ಗುರುತು ಮಾಡಿದ ಜಾಗಕ್ಕೆ ಕಾಗದದ ಟೇಪ್ ಅಂಟಿಸಿ, ಅದರ ಮೇಲೆ ಪೆನ್ಸಿಲಿನಲ್ಲಿ ಚುಕ್ಕೆ ಇಡುತ್ತೇನೆ. ಟೇಪ್ ಇದ್ದರೆ ಬಿಟ್ ಜಾರುವುದಿಲ್ಲ. ಮೊದಲು ಟೈಲ್ಸ್‌ಗೆಂದೇ ಇರುವ, ಈಟಿಯ ತುದಿಯಂಥ ಬಿಟ್. ಮಷಿನ್ನಿನ ಹ್ಯಾಮರ್ ಬಟನ್ ಕಡ್ಡಾಯವಾಗಿ ಆಫ್. ನಿಧಾನ ವೇಗ. ಯಾರಾದರೂ ಪಕ್ಕದಲ್ಲಿ ಕೂತು ಹನಿ ಹನಿ ನೀರು ಬಿಡುತ್ತಿದ್ದರೆ ಬಿಟ್ ಕಾಯುವುದಿಲ್ಲ. ನೀರು ಮಷಿನ್ನಿಗೆ ತಾಗದ ಹಾಗೆ ನೋಡಿಕೊಳ್ಳಬೇಕು. ಮೊದಲು ಬಿಳಿ ಪುಡಿ ಬರುತ್ತದೆ, ಆಮೇಲೆ ಬೂದು ಬಣ್ಣದ ಸಿಮೆಂಟ್ ಪುಡಿ. ಬಣ್ಣ ಬದಲಾದ ಕೂಡಲೇ ನಿಲ್ಲಿಸಿ ಕಾಂಕ್ರೀಟ್ ಬಿಟ್ ಹಾಕಿಕೊಳ್ಳಬೇಕು. ಹ್ಯಾಮರ್ ಬೇಕಾಗುವುದು ಅಲ್ಲಿಂದ ಮುಂದೆ. ತೂತಿನ ಒಳಗಿನ ಪುಡಿಯನ್ನು ಊದಿ ತೆಗೆಯದೆ ಪ್ಲಾಸ್ಟಿಕ್ ಪ್ಲಗ್ ಹೊಡೆದರೆ ಅದು ಪೂರ್ತಿ ಇಳಿಯುವುದಿಲ್ಲ. ಊದುವಾಗ ಕಣ್ಣು ಮುಚ್ಚಿಕೊಳ್ಳಿ.

ಗೋಡೆಯ ಕಥೆ ಬೇರೆ. ನಮ್ಮ ಕಡೆಯ ಗೋಡೆ ಕೆಂಪುಕಲ್ಲಿನದ್ದು. ಕಲ್ಲಿನ ಒಳಗೆಲ್ಲ ಸಣ್ಣ ಸಣ್ಣ ಪೊಟರೆ. ಡ್ರಿಲ್ ಒಮ್ಮೆಲೇ ಒಳಗೆ ಜಾರುತ್ತದೆ, ಪ್ಲಗ್ ಹಾಕಿದರೆ ಸ್ಕ್ರೂ ಜೊತೆ ಗಿರಗಿರ ತಿರುಗುತ್ತದೆ. ಅಲ್ಲಿ ಹಳೆಯ ಪದ್ಧತಿಯೇ ಒಳ್ಳೆಯದು. ತೂತನ್ನು ಸ್ವಲ್ಪ ದೊಡ್ಡದು ಮಾಡಿ, ಒದ್ದೆ ಮಾಡಿ, ಸಿಮೆಂಟ್ ಹಾಲು ತುಂಬಿ ಮರದ ಗೂಟ ಹೊಡೆಯುವುದು. ಎರಡು ದಿನ ಬಿಟ್ಟು ಆ ಗೂಟಕ್ಕೆ ಸ್ಕ್ರೂ. ಹಿತ್ತಾಳೆ ಕೊಕ್ಕೆಯ ಕೊಂಡಿಯನ್ನು ಹೀಗೇ ಕೂರಿಸಿದ್ದು. ಒಂದು ಮಾತು ಮರೆಯಬೇಡಿ. ಸ್ವಿಚ್ ಬೋರ್ಡಿನ ನೇರ ಮೇಲೆ, ನೇರ ಕೆಳಗೆ, ನೇರ ಪಕ್ಕದಲ್ಲಿ ಡ್ರಿಲ್ ಇಡಬೇಡಿ. ವಯರ್ ಹೋಗುವ ಪೈಪು ಅದೇ ಗೆರೆಯಲ್ಲಿ ಇರುತ್ತದೆ. ಬಚ್ಚಲಿನ ಗೋಡೆಯಾದರೆ ನೀರಿನ ಪೈಪು ಎಲ್ಲಿ ಹೋಗಿದೆ ಅಂತ ಮನೆ ಕಟ್ಟುವಾಗ ತೆಗೆದ ಫೋಟೋ ಇದ್ದರೆ ಅದನ್ನು ಹುಡುಕಿ ನೋಡಿ. ಬಚ್ಚಲಿನ ನೆಲಕ್ಕಂತೂ ತೂತು ಬೇಡವೇ ಬೇಡ. ಟೈಲ್ಸ್ ಕೆಳಗೆ ನೀರು ಇಳಿಯದ ಹಾಗೆ ಬಳಿದ ಪದರ ಇರುತ್ತದೆ. ಅದು ಒಂದು ಕಡೆ ತೂತಾದರೆ ಕೆಳಗಿನ ಕೋಣೆಯ ಸೀಲಿಂಗಿನಲ್ಲಿ ತೇವ ಕಾಣಿಸಿಕೊಳ್ಳುತ್ತದೆ.

ಇನ್ನು ಅತ್ತೆಯ ಬಚ್ಚಲಿನ ಬಾಗಿಲು. ನನಗೆ ಎಲ್ಲಕ್ಕಿಂತ ಮುಖ್ಯವಾದ ಬಾಗಿಲು ಇದು.

ಮೊದಲು ಅದು ಒಳಗೆ ತೆರೆಯುತ್ತಿತ್ತು. ಹೆಚ್ಚಿನ ಮನೆಗಳಲ್ಲಿ ಹಾಗೇ. ವಯಸ್ಸಾದವರು ಇರುವ ಮನೆಯಲ್ಲಿ ಅದು ಅಪಾಯ. ಒಳಗೆ ಯಾರಾದರೂ ಬಿದ್ದರೆ ಅವರ ದೇಹವೇ ಬಾಗಿಲಿಗೆ ಅಡ್ಡ ಬರುತ್ತದೆ. ಹೊರಗಿನಿಂದ ತಳ್ಳಿದರೆ ಬಿದ್ದವರಿಗೇ ಪೆಟ್ಟು. ಕೇಂದ್ರ ಸರ್ಕಾರ 2021ರಲ್ಲಿ ಹೊರಡಿಸಿದ, ಎಲ್ಲರಿಗೂ ಸುಗಮವಾದ ಕಟ್ಟಡಗಳ ಮಾರ್ಗಸೂಚಿಯಲ್ಲೂ ಅಂಗವಿಕಲರ ಶೌಚಾಲಯದ ಬಾಗಿಲು ಹೊರಗೆ ತೆರೆಯಬೇಕು ಇಲ್ಲವೇ ಜಾರುವಂತಿರಬೇಕು ಅಂತ ಹೇಳಿದೆ. ಮನೆಗೆ ಆ ನಿಯಮ ಕಡ್ಡಾಯ ಅಲ್ಲ. ಆದರೆ ಕಾರಣ ಮನೆಗೂ ಅದೇ ಅಲ್ವಾ? ಹಾಗಾಗಿ ಆಚಾರ್ರನ್ನು ಕರೆದು ಬಾಗಿಲನ್ನು ಹೊರಗೆ ತೆರೆಯುವ ಹಾಗೆ ಮಾಡಿಸಿದೆ. ಚಿಲಕವನ್ನೂ ಹೊರಗಿನಿಂದ ನಾಣ್ಯ ಹಾಕಿ ತಿರುಗಿಸಿ ತೆಗೆಯಬಹುದಾದ ಬಗೆಗೆ ಬದಲಿಸಿದೆವು.

ಹೊರಗೆ ತೆರೆದ ಬಾಗಿಲು ಈಗ ಎಲ್ಲಿ ನಿಲ್ಲಬೇಕು? ಸುಮ್ನೆ ಬಿಟ್ಟರೆ ಪೂರ್ತಿ ತಿರುಗಿ ಪಕ್ಕದ ಗೋಡೆಗೆ ಚಪ್ಪಟೆಯಾಗಿ ಒರಗುತ್ತಿತ್ತು. ಓಡಾಡುವ ದಾರಿ ಖಾಲಿ ಇರುತ್ತಿತ್ತು ನಿಜ. ಆದರೆ ಅತ್ತೆ ಒಳಗೆ ಹೋದ ಮೇಲೆ ಹಿಡಿ ಅವರ ಕೈಗೆ ಎಟುಕುತ್ತಿರಲಿಲ್ಲ. ವಾಕರ್ ಬಿಟ್ಟು, ಹೊಸ್ತಿಲಿನಿಂದ ಹೊರಗೆ ಬಾಗಿ ಎಳೆದುಕೊಳ್ಳಬೇಕು. ಬೀಳುವುದಕ್ಕೆ ಇದಕ್ಕಿಂತ ಸುಲಭದ ದಾರಿ ಇಲ್ಲ. ಇನ್ನೂ ಒಂದು ಸಂಗತಿ ನಾನು ಗಮನಿಸಿದ್ದೆ. ಅವರು ಹೊರಗೆ ಬರುವಾಗ ಬಾಗಿಲಿನ ಹಿಡಿಯನ್ನು ಆಸರೆಗೆ ಹಿಡಿಯುತ್ತಿದ್ದರು. ಹಿಡಿದಾಗ ಬಾಗಿಲು ಸರಿದರೆ ಕೈಯೂ ಅದರ ಜೊತೆ ಹೋಗುತ್ತದೆ.

ಒಂದು ಮಧ್ಯಾಹ್ನ ಇಬ್ಬರೂ ಸೇರಿ ಅಳತೆ ಮಾಡಿದೆವು. ನಾನು ಬಾಗಿಲು ಹಿಡಿದುಕೊಂಡು ನಿಂತೆ. ಅತ್ತೆ ವಾಕರ್ ಹಿಡಿದು ಒಳಗೆ ಹೋಗುವುದು, ತಿರುಗುವುದು, ಹಿಡಿಗೆ ಕೈ ಚಾಚುವುದು.

"ಇನ್ನೊಂಚೂರು ಆಚೆ ತೆಗಿ ಮಗಾ, ವಾಕರಿನ ಕಾಲು ತಾಗ್ತದೆ."

ತೆಗೆದೆ.

"ಈಗ ಜಾಸ್ತಿ ಆಯ್ತು, ಕೈ ಹೋಗುವುದಿಲ್ಲ."

ಹೀಗೆ ಆಚೆ ಈಚೆ ಮಾಡಿ, ಅವರಿಗೆ ವಾಕರ್ ತಾಗದ, ಆದರೆ ಬೆನ್ನು ಬಾಗಿಸದೆ ಹಿಡಿ ಎಟುಕುವ ಒಂದು ಜಾಗ ಸಿಕ್ಕಿತು. ಲಂಬಕೋನಕ್ಕಿಂತ, ಅಂದರೆ 90 ಡಿಗ್ರಿಗಿಂತ ಸ್ವಲ್ಪವೇ ಹೆಚ್ಚು. ನೆಲದ ಮೇಲೆ ಬಾಗಿಲಿನ ಅಂಚಿನ ಗುಂಟ ಸೀಮೆಸುಣ್ಣದಲ್ಲಿ ಗೆರೆ ಎಳೆದೆ. ಅತ್ತೆ ಆ ಗೆರೆ ನೋಡಿ, "ಇಲ್ಲಿಗೆ ನಿಂತರೆ ನನಗೆ ಸಾಕು" ಅಂದರು. ಈ ಒಂದು ಅಳತೆಯನ್ನು ಯಾವ ಪುಸ್ತಕ ನೋಡಿಯೂ ತೆಗೆಯಲು ಬರುವುದಿಲ್ಲ. ಆ ಬಾಗಿಲು ಬಳಸುವವರನ್ನೇ ನಡೆಸಿ ನೋಡಬೇಕು.

ಗೆರೆ ಸಿಕ್ಕಿದ ಮೇಲೆ ಅಲ್ಲಿ ನೆಲಕ್ಕೆ ಅರ್ಧ ಗೋಲ ಹೊಡೆದರೆ ಆಯಿತು ಅಂತ ಯಾರಿಗಾದರೂ ಅನ್ನಿಸಬಹುದು. ಅದು ಆಗುವುದಿಲ್ಲ. ಆ ಗೆರೆ ಅವರು ನಡೆಯುವ ದಾರಿಯ ನಟ್ಟನಡುವೆ ಬರುತ್ತದೆ. ವಾಕರಿನ ಕಾಲು ಅದಕ್ಕೆ ತಾಗಿದರೆ ಮುಗಿಯಿತು. ರಾತ್ರಿ ಎದ್ದು ಹೋಗುವವರ ಕಾಲ್ಬೆರಳಿಗೂ ಅದೇ ಗತಿ. ಹಾಗಾಗಿ ತಡೆ ಮೇಲೆ ಬರಬೇಕಾಯಿತು. ಬಾಗಿಲಿನ ತಲೆಗೂ ದಾರಂದದ ಮೇಲಿನ ಅಡ್ಡಪಟ್ಟಿಗೂ ನಡುವೆ ಕೂರಿಸುವ ಸ್ಟೀಲಿನ ಕೈ ಸಿಗುತ್ತದೆ. ಒಂದು ತುದಿ ತಿರುಗುತ್ತದೆ, ಇನ್ನೊಂದು ತುದಿ ಕೊರಕಲಿನೊಳಗೆ ಜಾರುತ್ತದೆ, ಕೊರಕಲು ಮುಗಿದ ಕಡೆ ಬಾಗಿಲು ನಿಲ್ಲುತ್ತದೆ. ಕೊರಕಲಿನಲ್ಲಿ ಒಂದು ಸ್ಕ್ರೂ ಸರಿಸಿ ಎಲ್ಲಿ ನಿಲ್ಲಬೇಕು ಅಂತ ಹೊಂದಿಸಬಹುದು. ಸೀಮೆಸುಣ್ಣದ ಗೆರೆಗೆ ಸರಿಯಾಗಿ ಹೊಂದಿಸಿದೆ.

ಈಗ ನೀವು ಕೇಳಬಹುದು, ಈ ಕೈ ಬಾಗಿಲನ್ನು ಹಿಡಿಯುವುದು ಬಿಜಾಗ್ರಿಯ ಹತ್ತಿರವೇ ಅಲ್ವಾ ಅಂತ. ಹೌದು. ಈ ಬಗೆಯ ಸಾಮಾನಿನ ಕಷ್ಟ ಅದೇ. 75 ಸೆಂಟಿಮೀಟರ್ ಅಗಲದ ಬಾಗಿಲಿನಲ್ಲಿ ಅದು ಹಿಡಿಯುವುದು 25ರ ಹತ್ತಿರ. ತುದಿಯಲ್ಲಿ 10 ಕೆ.ಜಿ. ಭಾರ ಹಾಕಿದರೆ ಅಲ್ಲಿ 30 ಆಗುತ್ತದೆ, ಬಿಜಾಗ್ರಿಗೆ 20. ಗಾಳಿ ಹೊಡೆಯುವ ಬಾಗಿಲಿಗೆ ನಾನು ಇದನ್ನು ಹಾಕುವುದೇ ಇಲ್ಲ. ಇಲ್ಲಿ ಒಪ್ಪಿಕೊಂಡದ್ದು ಯಾಕೆಂದರೆ ಬಾಗಿಲು ಹಗುರ, ಮನೆಯ ನಡುವೆ ಇರುವುದರಿಂದ ಗಾಳಿ ಇಲ್ಲ. ಆದರೂ ಬಾಗಿಲಿನ ಕಡೆ ಸ್ಕ್ರೂ ಬದಲು ಆಚೆ ಈಚೆ ಹಾಯುವ ಬೋಲ್ಟ್ ನಟ್ಟು ಹಾಕಿದೆ. ಬಿಜಾಗ್ರಿಯ ಸ್ಕ್ರೂಗಳನ್ನೂ ಉದ್ದದ್ದಕ್ಕೆ ಬದಲಿಸಿದೆ. ಅದಕ್ಕಿಂತ ಮುಖ್ಯವಾಗಿ, ಬಾಗಿಲಿನ ಪಕ್ಕದ ಗೋಡೆಗೆ ಒಳಗೊಂದು ಹೊರಗೊಂದು ಸ್ಟೀಲ್ ಸರಳು ಹಾಕಿಸಿದೆವು, ಅವರ ಸೊಂಟದಿಂದ ಸ್ವಲ್ಪ ಮೇಲಕ್ಕೆ. ಈಗ ಅವರ ಕೈ ತಾನಾಗಿ ಸರಳಿಗೆ ಹೋಗುತ್ತದೆ. ಬಾಗಿಲು ಎಷ್ಟೇ ಗಟ್ಟಿ ನಿಂತರೂ ಅದನ್ನು ಆಸರೆ ಅಂತ ನಂಬಬಾರದು. ಮನೆಯಲ್ಲಿ ಹಿರಿಯರು ಇರುವವರಿಗೆ ಇದೊಂದು ಮಾತನ್ನು ಕೈಮುಗಿದು ಹೇಳುತ್ತೇನೆ. ಮೊದಲು ಸರಳು ಹಾಕಿಸಿ, ಆಮೇಲೆ ಉಳಿದದ್ದು.

ಮಕ್ಕಳಿರುವ ಮನೆಗೆ ಒಂದು ಮಾತು. ಬಾಗಿಲು ನಿಂತಾಗ ಅದರ ಹಿಡಿಗೂ ಗೋಡೆಗೂ ನಡುವೆ ದೊಡ್ಡವರ ಮುಷ್ಟಿ ಹೋಗುವಷ್ಟು ಜಾಗ ಇರಬೇಕು. ಅಲ್ಲಿ ನಿಂತ ಮಗುವಿನ ಕೈ ಸಿಕ್ಕಿಕೊಳ್ಳಬಾರದು. ಬಿಜಾಗ್ರಿಯ ಸಂದಿಗೆ ಬೆರಳು ಹಾಕುವುದನ್ನು ಮಾತ್ರ ಯಾವ ಸ್ಟಾಪರೂ ತಡೆಯುವುದಿಲ್ಲ. ಅದಕ್ಕೆ ಬೇರೆ ಪ್ಲಾಸ್ಟಿಕ್ ಪಟ್ಟಿ ಸಿಗುತ್ತದೆ.

ಬಾಗಿಲು ತಾನಾಗಿ ಮುಚ್ಚಲಿ ಅಂತ ಮೇಲೆ ಹೈಡ್ರಾಲಿಕ್ ಕ್ಲೋಸರ್ ಹಾಕಿಸಿದವರು ಅದನ್ನೇ ಸ್ಟಾಪರ್ ಅಂದುಕೊಳ್ಳುವುದುಂಟು. ಅದರ ತೋಳು ಬಾಗಿಲು ಮುಚ್ಚುವುದಕ್ಕೆ ಇರುವುದು, ತೆರೆಯುವುದನ್ನು ತಡೆಯುವುದಕ್ಕಲ್ಲ. ಗಾಳಿಗೆ ತೋಳು ಕೊನೆಯವರೆಗೆ ಚಾಚಿ ಜಗ್ಗಿದರೆ ಒಳಗಿನ ಎಣ್ಣೆ ಸೋರಲು ಶುರುವಾಗುತ್ತದೆ. ಕ್ಲೋಸರ್ ಇದ್ದರೂ ಸ್ಟಾಪರ್ ಬೇರೆಯೇ ಬೇಕು. ಅಡುಗೆಮನೆ ಕಪಾಟಿನ ಬಾಗಿಲು ಪಕ್ಕದ ಗೋಡೆಗೋ ಫ್ರಿಜ್ಜಿಗೋ ಹೊಡೆಯುತ್ತಿದ್ದರೆ, ಒಳಗಿನ ಬಟ್ಟಲು ಬಿಜಾಗ್ರಿಗೆ ಸಿಕ್ಕಿಸುವ ಸಣ್ಣ ಪ್ಲಾಸ್ಟಿಕ್ ಕ್ಲಿಪ್ ಸಿಗುತ್ತದೆ. 110 ಡಿಗ್ರಿ ತೆರೆಯುವುದನ್ನು 85ರ ಆಸುಪಾಸಿಗೆ ನಿಲ್ಲಿಸುತ್ತದೆ. ಬಿಜಾಗ್ರಿಯ ಕಂಪನಿಯದ್ದೇ ಕ್ಲಿಪ್ ಕೇಳಿ ತೆಗೆದುಕೊಳ್ಳಿ, ಬೇರೆಯದ್ದು ಕೂರುವುದಿಲ್ಲ.

ರಬ್ಬರ್ ಶಾಶ್ವತ ಅಲ್ಲ. ಬಿಸಿಲು ಬೀಳುವ ಕಡೆ ಬೇಗ ಗಟ್ಟಿಯಾಗಿ ಕಲ್ಲಿನ ಹಾಗಾಗುತ್ತದೆ. ಉಗುರಿನಲ್ಲಿ ಒತ್ತಿದಾಗ ಗುರುತು ಬೀಳದಿದ್ದರೆ ಬದಲಿಸುವ ಹೊತ್ತು ಬಂತು ಅಂತ ಅರ್ಥ. ಕಪ್ಪು ರಬ್ಬರ್ ಪಾಲಿಶ್ ಮಾಡಿದ ಮರದ ಮೇಲೆ ಕಲೆ ಮಾಡುತ್ತದೆ, ಅಂಥ ಕಡೆ ಬಿಳಿ ಅಥವಾ ಬೂದು ಬಣ್ಣದ್ದು ತನ್ನಿ.

ನಾನು ಪ್ರತಿ ವರ್ಷ ಮೇ ಕೊನೆಯ ವಾರ, ಶಾಲೆ ಶುರುವಾಗುವ ಮೊದಲು, ಮನೆಯ ಎಲ್ಲಾ ಬಾಗಿಲನ್ನೂ ಒಂದು ಸುತ್ತು ನೋಡುತ್ತೇನೆ. ಬಾಗಿಲನ್ನು ಸ್ಟಾಪರಿಗೆ ಮುಟ್ಟಿಸಿ, ತುದಿಯನ್ನು ಮೆಲ್ಲ ಒತ್ತಿ, ಕಣ್ಣನ್ನು ಮೇಲಿನ ಬಿಜಾಗ್ರಿಯ ಮೇಲೆ ಇಡುವುದು. ಅಲ್ಲಿ ಕೂದಲೆಳೆಯಷ್ಟು ಸಂದಿ ಬಿಟ್ಟರೂ ಸ್ಕ್ರೂ ಸಡಿಲ. ಆಗಲೇ ತೆಗೆದು, ಕಡ್ಡಿ ತುಂಬಿ ಬಿಗಿ ಮಾಡಬೇಕು. ಮಳೆ ಹಿಡಿದ ಮೇಲೆ ನೋಡುತ್ತೇನೆ ಅಂತ ಬಿಟ್ಟರೆ ಮರ ಉಬ್ಬಿರುತ್ತದೆ, ಸಡಿಲವಾದ ಸ್ಕ್ರೂ ಕೂಡ ಕೈಗೆ ಗಟ್ಟಿ ಇದ್ದ ಹಾಗೇ ಸಿಗುತ್ತದೆ.